ಯಾರೂ ನುಡಿಸದ ಸ್ವರಗಳು

1972ರ ಫೆಬ್ರವರಿ 11. ಅಮೆರಿಕದ ಡೆಲವೇರ್ ರಾಜ್ಯದ ವಿಲ್ಮಿಂಗ್ಟನ್ ಊರಿನಲ್ಲಿ ಕಿಂಗ್ ಕ್ರಿಮ್ಸನ್ ಎಂಬ ಇಂಗ್ಲೆಂಡಿನ ರಾಕ್ ತಂಡ ನುಡಿಸುತ್ತಿತ್ತು. ವಾದ್ಯಗಳ ಧ್ವನಿಯನ್ನೆಲ್ಲ ಒಂದುಗೂಡಿಸುವ ಮಿಕ್ಸರ್‌ನಿಂದ ಹೊರಟ ತಂತಿ ಒಂದು ಆಂಪೆಕ್ಸ್ ಕ್ಯಾಸೆಟ್ ರೆಕಾರ್ಡರಿಗೆ ಹೋಗಿತ್ತು. ಮಳೆಯಲ್ಲಿ, ಫೋಕ್ಸ್‌ವ್ಯಾಗನ್ ಟ್ರಕ್ಕಿನ ಹಿಂಭಾಗದಿಂದ ಮಾಡಿದ ರೆಕಾರ್ಡಿಂಗ್ ಇದು ಎಂದು 'ಅರ್ತ್‌ಬೌಂಡ್' ಆಲ್ಬಮ್ಮಿನ ಹೊದಿಕೆಯೇ ಹೇಳುತ್ತದೆ. ಅದೇ ಪ್ರವಾಸದ ಕ್ಯಾಸೆಟ್‌ಗಳಿಂದ ಆರಿಸಿ ಮಾಡಿದ 'ಅರ್ತ್‌ಬೌಂಡ್' ಅದೇ ವರ್ಷ ಇಂಗ್ಲೆಂಡಿನಲ್ಲಿ ಕಡಿಮೆ ಬೆಲೆಗೆ ಮಾರಾಟಕ್ಕೆ ಬಂತು. ಅಮೆರಿಕದಲ್ಲಿ ಅಟ್ಲಾಂಟಿಕ್ ಕಂಪನಿ ಅದನ್ನು ಹೊರತರಲು ಒಪ್ಪಲಿಲ್ಲ. ಕಾರಣ, ಧ್ವನಿ ಅಷ್ಟು ಕೆಟ್ಟದಾಗಿತ್ತು.

ನನಗೆ ಈ ಆಲ್ಬಮ್ ತುಂಬಾ ಇಷ್ಟ. ಆ ಒಡೆದ ಧ್ವನಿಯೊಳಗೆ ಏನು ನಡೆದಿದೆ ಅಂತ ತಿಳಿದ ಮೇಲೆ ಇನ್ನೂ ಜಾಸ್ತಿ ಇಷ್ಟವಾಯಿತು.

ಕ್ಯಾಸೆಟ್ ಟೇಪಿನ ಅಗಲ 4 ಮಿಲಿಮೀಟರಿಗೂ ಕಡಿಮೆ. ಅದು ಸೆಕೆಂಡಿಗೆ 4.76 ಸೆಂಟಿಮೀಟರ್ ಓಡುತ್ತದೆ. ಆ ಕಾಲದ ಸ್ಟುಡಿಯೋಗಳಲ್ಲಿ ಸೆಕೆಂಡಿಗೆ 38 ಸೆಂಟಿಮೀಟರ್ ಓಡುವ ಅಗಲವಾದ ಟೇಪ್ ಬಳಸುವುದು ವಾಡಿಕೆ. ಎಂಟು ಪಟ್ಟು ವೇಗ. ಡ್ರಮ್ಮಿನ ಜೊತೆಗಿರುವ ಸಿಂಬಲ್ ತಟ್ಟೆಯ ಝಣಝಣದಲ್ಲಿ 10,000 ಹರ್ಟ್ಸ್‌ನ, ಅಂದರೆ ಸೆಕೆಂಡಿಗೆ 10,000 ಸಲದ, ಕಂಪನಗಳೂ ಇರುತ್ತವೆ. ಸ್ಟುಡಿಯೋ ಟೇಪಿನಲ್ಲಿ ಅಂಥ ಒಂದು ಅಲೆಗೆ ಸುಮಾರು 38 ಮೈಕ್ರೋಮೀಟರ್ (ಮಿಲಿಮೀಟರಿನ ಸಾವಿರದಲ್ಲೊಂದು ಭಾಗ ಒಂದು ಮೈಕ್ರೋಮೀಟರ್) ಜಾಗ ಸಿಗುತ್ತದೆ. ಕ್ಯಾಸೆಟ್ಟಿನಲ್ಲಿ ಐದೂ ಇಲ್ಲ. ಟೇಪ್ ಧ್ವನಿಯನ್ನು ಕಾಂತತೆಯಾಗಿ ಹಿಡಿಯುವುದರಿಂದ, ಅಷ್ಟು ಇಕ್ಕಟ್ಟಿನಲ್ಲಿ ಒಂದು ಉತ್ತರ ಧ್ರುವ, ಒಂದು ದಕ್ಷಿಣ ಧ್ರುವ ಕೂರಬೇಕು. ಹತ್ತಿರ ಬಂದಷ್ಟೂ ಅವು ಒಂದರ ಶಕ್ತಿಯನ್ನು ಇನ್ನೊಂದು ತಿನ್ನುತ್ತವೆ. ಆದ್ದರಿಂದಲೇ 'ಅರ್ತ್‌ಬೌಂಡ್'ನಲ್ಲಿ ಸಿಂಬಲ್ ಮಿನುಗುವುದಿಲ್ಲ, ಬಾಣಲೆಯಲ್ಲಿ ಎಣ್ಣೆ ಚಟಪಟಿಸಿದ ಹಾಗೆ ಕೇಳುತ್ತದೆ.

ಅದಕ್ಕಿಂತ ದೊಡ್ಡ ಸಂಗತಿ ಇನ್ನೊಂದಿದೆ. ಟೇಪಿನ ಮೇಲೆ ಸವರಿರುವುದು ಕಾಂತತೆ ಹಿಡಿದಿಡುವ ಸಣ್ಣ ಸಣ್ಣ ಕಣಗಳು. ಧ್ವನಿ ಏರಿದಂತೆ ಹೆಚ್ಚು ಹೆಚ್ಚು ಕಣಗಳ ಕಾಂತತೆ ಒಂದೇ ದಿಕ್ಕಿಗೆ ತಿರುಗುತ್ತದೆ. ಎಲ್ಲವೂ ತಿರುಗಿಯಾದ ಮೇಲೆ? ಇನ್ನೆಷ್ಟು ಜೋರಾಗಿ ಬಾರಿಸಿದರೂ ತಿರುಗಲು ಕಣಗಳೇ ಉಳಿದಿರುವುದಿಲ್ಲ. ಅಲೆಯ ನೆತ್ತಿ ಚಪ್ಪಟೆಯಾಗುತ್ತದೆ. ಯಕ್ಷಗಾನದ ಬಯಲಾಟಕ್ಕೆ ಟೇಪ್ ರೆಕಾರ್ಡರ್ ಒಯ್ದವರಿಗೆ ಇದು ಗೊತ್ತು. ಚೆಂಡೆ ಏರಿದ ಕೂಡಲೇ ಭಾಗವತರ ಪದ ಗೊರಗೊರ ಅನ್ನುತ್ತದೆ, ಅಲ್ವಾ? ನಮ್ಮ ಮನೆಯಲ್ಲೂ ಅಂಥ ಕ್ಯಾಸೆಟ್ ಇತ್ತು.

ನೆತ್ತಿ ಚಪ್ಪಟೆಯಾದರೆ ಧ್ವನಿ ಸುಮ್ನೆ ಮೊಟಕಾಗುವುದಿಲ್ಲ. ಹೊಸ ಸ್ವರಗಳು ಹುಟ್ಟುತ್ತವೆ. ಒಂದು ವಾದ್ಯ 400 ಹರ್ಟ್ಸ್, ಇನ್ನೊಂದು 500 ಹರ್ಟ್ಸ್ ನುಡಿಸಿದೆ ಅನ್ನಿ. ಹೀಗೆ ಕಣಗಳೆಲ್ಲ ತಿರುಗಿಹೋದ ಟೇಪಿನಲ್ಲಿ 300 ಮತ್ತು 600 ಕೂಡ ಕೇಳುತ್ತವೆ. 1,200, 1,500 ಕೂಡ. ಅವನ್ನು ಯಾರೂ ನುಡಿಸಿಲ್ಲ! ತಂಡದ ರಾಬರ್ಟ್ ಫ್ರಿಪ್ ಅವರ ಗಿಟಾರ್ ಮೊದಲೇ ಒರಟಾದದ್ದು. ಅದಕ್ಕೆ ಮೆಲ್ ಕಾಲಿನ್ಸ್ ಅವರ ಸ್ಯಾಕ್ಸೊಫೋನ್, ಬೋಜ್ ಬರೆಲ್ ಅವರ ಬೇಸ್ ಗಿಟಾರ್ ಸೇರಿದರೆ ಇಂಥ ಜೋಡಿಗಳು ಎಷ್ಟು! ಸ್ವರಗಳು ಕಡಿಮೆ ಇದ್ದಾಗ ಈ ಕೂಸುಗಳು ಕಿವಿಗೆ ಬಿಸಿ ಕೊಡುತ್ತವೆ. ಜಾಸ್ತಿಯಾದಾಗ ಎಲ್ಲ ಸೇರಿ ಕೆಸರಾಗುತ್ತದೆ.

ಇದನ್ನು ಈಗ ಕಂಪ್ಯೂಟರಿನಲ್ಲಿ ತೊಳೆದುಬಿಡಬಹುದಲ್ಲ ಎಂದು ಕೆಲವರು ಕೇಳುತ್ತಾರೆ. ಟೇಪಿನ ಹಿನ್ನೆಲೆಯ ಹಿಸ್ ಸದ್ದನ್ನು ಬಹಳಷ್ಟು ತಗ್ಗಿಸಬಹುದು. ಅದು ಹೆಚ್ಚುಕಡಿಮೆ ಒಂದೇ ಸಮನಾಗಿರುತ್ತದೆ, ಗುರುತು ಹಿಡಿಯುವುದು ಸುಲಭ. ಚಪ್ಪಟೆಯಾದ ನೆತ್ತಿಯ ಕಥೆ ಬೇರೆ. ಅಲೆ ಎಷ್ಟು ಎತ್ತರ ಹೋಗಿತ್ತು ಎಂಬ ಮಾಹಿತಿ ಟೇಪಿನ ಮೇಲೆ ಪೂರ್ತಿ ಉಳಿದೇ ಇಲ್ಲ. ಊಹಿಸಿ ತುಂಬಬಹುದು, ಅಷ್ಟೇ.

ಕೊನೆಯ ಹಾಡು 'ಗ್ರೂನ್' 15 ನಿಮಿಷಕ್ಕೂ ಉದ್ದ. ಅದರಲ್ಲಿ ಇಯಾನ್ ವಾಲೇಸ್ ಅವರ ಡ್ರಮ್ ಸದ್ದನ್ನು ಬೇಕೆಂದೇ ಒಂದು ಸಿಂಥಸೈಜರ್ (ವಿದ್ಯುತ್ತಿನಿಂದ ಸದ್ದು ಹುಟ್ಟಿಸುವ, ಬದಲಿಸುವ ಯಂತ್ರ) ಮೂಲಕ ಹಾಯಿಸಿ ತಿರುಚಿದ್ದಾರೆ. ಹೆಡ್‌ಫೋನ್ ಹಾಕಿ ಕೇಳಿ. ಯಂತ್ರದಲ್ಲಿ ಮನುಷ್ಯರು ತಿರುಚಿದ್ದು ಎಷ್ಟು, ಟೇಪ್ ತಾನಾಗಿ ತಿರುಚಿದ್ದು ಎಷ್ಟು ಎಂದು ಬಿಡಿಸಲು ನಾನು ಎಷ್ಟೋ ರಾತ್ರಿ ಕೂತಿದ್ದೇನೆ. ಮೊದಲ ಕೆಲವು ನಿಮಿಷ ಬಿಡಿಸಲು ಆಗುತ್ತದೆ. ಆಮೇಲೆ ಆಗುವುದಿಲ್ಲ.