ಕೋಳಿಗೆ ಶಾಂಪೂ ಬೇಡ, ಒಂದು ತೊಟ್ಟಿ ಒಣಮಣ್ಣು ಕೊಡಿ

ಕೋಳಿಗೆ ಹೇನು ಬಿದ್ದಿದೆ, ಔಷಧಿ ಬರೆದುಕೊಡಿ ಎಂದು ಬಂದವರನ್ನು ನಾನು ಮೊದಲು ಕೇಳುವುದು ಒಂದೇ ಮಾತು: ನಿಮ್ಮ ಕೋಳಿ ಹೊರಳೋದು ಎಲ್ಲಿ? ಬಹಳ ಮಂದಿಗೆ ಪ್ರಶ್ನೆಯೇ ತಲೆಗೆ ಹೋಗುವುದಿಲ್ಲ. "ಹೊರಳೋದಾ? ನಮ್ಮಲ್ಲಿ ಮಣ್ಣೇ ಇಲ್ಲ ಸಾರ್, ಪೂರಾ ಸಿಮೆಂಟ್ ಹಾಕ್ಸಿದೀವಿ, ದಿನಾ ಪೈಪಲ್ಲಿ ತೊಳೀತೀವಿ" ಎನ್ನುತ್ತಾರೆ. ಆ ಮಾತಿನಲ್ಲಿ ಹೆಮ್ಮೆ ಇರುತ್ತದೆ, ಪಾಪ. ಹಕ್ಕಿಯನ್ನು ಚೆನ್ನಾಗಿ ಸಾಕಬೇಕೆಂಬ ಆಸೆ ಇರುವವರೇ ಹೀಗೆ ಮಾಡುವುದು. ಹೇನು ಬಿದ್ದಿರುವುದಕ್ಕೂ ಆ ಸಿಮೆಂಟಿಗೂ ಸಂಬಂಧವಿದೆ ಎಂದರೆ ನಂಬುವುದೇ ಇಲ್ಲ.

ಊರ ಮನೆಗಳಲ್ಲಿ ಮೊದಲು ಇದನ್ನು ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಹಿತ್ತಿಲಲ್ಲಿ ಬಚ್ಚಲೊಲೆಯ ಬೂದಿಗುಡ್ಡೆ ಇತ್ತು, ಕೊಟ್ಟಿಗೆಯ ಸೂರಿನಡಿ ನೀರು ಕಾಣದ ಮಣ್ಣಿತ್ತು, ಗಾಡಿಯ ಕೆಳಗೆ ನೆರಳಿತ್ತು. ಕೋಳಿ ತನಗೆ ಬೇಕಾದ ಗುಳಿ ತಾನೇ ತೋಡಿಕೊಳ್ಳುತ್ತಿತ್ತು. ಈಗ ಅಡುಗೆಗೆ ಗ್ಯಾಸ್, ಸ್ನಾನಕ್ಕೆ ಸೋಲಾರ್, ಬೂದಿ ಎಲ್ಲಿಂದ ಬರಬೇಕು? ಅಂಗಳಕ್ಕೆ ಕಾಂಕ್ರೀಟು ಬಂತು, ತಿಪ್ಪೆ ಹೊಲಕ್ಕೆ ಹೋಯಿತು. ಪೇಟೆಯಲ್ಲಂತೂ ಗಿರಿರಾಜ, ಸ್ವರ್ಣಧಾರಾ ಮರಿ ತಂದು ತಾರಸಿಯ ಮೇಲೆ ಜಾಲರಿ ಗೂಡಿನಲ್ಲಿ ಸಾಕುವವರು ಹೆಚ್ಚಾಗಿದ್ದಾರೆ. ಅವರ ಕೋಳಿಗೆ ಹುಟ್ಟಿದಾಗಿನಿಂದ ಹಿಡಿ ಮಣ್ಣು ಸಿಕ್ಕಿರುವುದಿಲ್ಲ.

ಹೇನು ಕಂಡ ಮೇಲೆ ಮನೆಯಲ್ಲೇ ಶುರುವಾಗುವ ಚಿಕಿತ್ಸೆ ನೋಡಿದರೆ ನನಗೆ ಸಿಟ್ಟು ಬರುತ್ತದೆ. ಕೆಲವರು ಮಕ್ಕಳ ಶಾಂಪೂ ಹಾಕಿ ಕೋಳಿಗೆ ಮೀಯಿಸುತ್ತಾರೆ. ಗರಿ ತೊಪ್ಪೆಯಾಗಿ ಮೈಗೆ ಅಂಟುತ್ತದೆ, ಶಾಖ ನಿಲ್ಲುವುದಿಲ್ಲ, ಮಾಗಿಯ ಚಳಿಯಲ್ಲಿ ಎಳೆಯ ಹಕ್ಕಿಯಾದರೆ ಬೆಳಗಾಗುವಷ್ಟರಲ್ಲಿ ಸತ್ತೇ ಹೋಗಬಹುದು. ಇನ್ನು ಕೆಲವರು ಭತ್ತಕ್ಕೆ ತಂದ ಕೀಟನಾಶಕವನ್ನೋ ನಾಯಿಯ ಉಣ್ಣೆಗೆ ಹೊಡೆಯುವ ಸ್ಪ್ರೇಯನ್ನೋ ಕೋಳಿಯ ರೆಕ್ಕೆ ಎತ್ತಿ ಹೊಡೆಯುತ್ತಾರೆ. ಹೇನು ಸಾಯುವುದು ನಿಜ. ಆದರೆ ಆ ವಿಷ ಚರ್ಮದಿಂದ ಒಳಗಿಳಿದು ಮೊಟ್ಟೆಗೂ ಬರುತ್ತದೆ. 2017ರಲ್ಲಿ ನೆದರ್‌ಲ್ಯಾಂಡ್ಸ್, ಬೆಲ್ಜಿಯಂ ಕಡೆ ಆದದ್ದು ಇದೇ: ಕೋಳಿ ಶೆಡ್ಡಿನ ಕೆಂಪು ನುಸಿಗೆಂದು ಫಿಪ್ರೊನಿಲ್ ಬಳಸಿದರು, ಅದು ಮೊಟ್ಟೆಯಲ್ಲಿ ಪತ್ತೆಯಾಯಿತು, ಲಕ್ಷಗಟ್ಟಲೆ ಮೊಟ್ಟೆಗಳನ್ನು ಮಾರುಕಟ್ಟೆಯಿಂದ ವಾಪಸ್ ತೆಗೆಯಬೇಕಾಯಿತು. ಅದೇ ಫಿಪ್ರೊನಿಲ್ ನಮ್ಮ ಗೊಬ್ಬರದಂಗಡಿಗಳಲ್ಲೂ ಸಿಗುತ್ತದೆ, ನಾಯಿಯ ಸ್ಪ್ರೇಯಲ್ಲೂ ಇರುತ್ತದೆ. ಮೊಮ್ಮಗುವಿಗೆ ನಾಟಿ ಮೊಟ್ಟೆ ತಿನ್ನಿಸಬೇಕೆಂದು ಕೋಳಿ ಸಾಕಿ, ಆ ಕೋಳಿಗೇ ಅದನ್ನು ಹೊಡೆಯುವವರಿಗೆ ಏನು ಹೇಳುವುದು?

ಕೋಳಿ ಮಣ್ಣಲ್ಲಿ ಹೊರಳುವುದು ಕೊಳಕಾಗಲಿಕ್ಕಲ್ಲ, ಶುದ್ಧವಾಗಲಿಕ್ಕೆ. ಅದರ ಬಾಲದ ಬುಡದಲ್ಲಿ ಒಂದು ಎಣ್ಣೆ ಗ್ರಂಥಿ ಇದೆ. ಕೊಕ್ಕಿನಿಂದ ಆ ಎಣ್ಣೆ ತೆಗೆದು ಗರಿಗಳಿಗೆಲ್ಲ ಸವರಿಕೊಳ್ಳುತ್ತದೆ. ಎಣ್ಣೆ ಬೇಕು, ಆದರೆ ಹಳೆಯದು ಅಲ್ಲೇ ಕೂತರೆ ಜಿಡ್ಡುಗಟ್ಟಿ ಗರಿ ಒಂದಕ್ಕೊಂದು ಅಂಟುತ್ತದೆ, ಒಳಗಿನ ಎಳೆಗರಿ ಉಬ್ಬುವುದಿಲ್ಲ. ಒಣ ಪುಡಿಮಣ್ಣು ಆ ಹೆಚ್ಚಿನ ಜಿಡ್ಡನ್ನು ಹೀರುತ್ತದೆ. ಮಣ್ಣು ಕೊಡದೆ ಇಟ್ಟ ಕೋಳಿಗಳ ಗರಿಯಲ್ಲಿ ಎಣ್ಣೆಯ ಅಂಶ ಏರುತ್ತಾ ಹೋಗುತ್ತದೆ, ಹೊರಳಲು ಬಿಟ್ಟ ಮೇಲೆ ಇಳಿಯುತ್ತದೆ ಎಂಬುದನ್ನು ಡಚ್ ಸಂಶೋಧಕರು 1980ರ ದಶಕದಲ್ಲೇ ಅಳೆದು ತೋರಿಸಿದ್ದಾರೆ. ಆ ಮಣ್ಣಿನ ಜತೆಗೇ ಹೇನು, ನುಸಿ, ಸತ್ತ ಚರ್ಮದ ಹೊಟ್ಟು ಎಲ್ಲ ಉದುರುತ್ತವೆ. ಬಾತುಕೋಳಿಯ ಲೆಕ್ಕ ಬೇರೆ, ಅದಕ್ಕೆ ನೀರೇ ಬೇಕು.

ಒಂದು ಸಲವಾದರೂ ಪೂರ್ತಿ ಕೂತು ನೋಡಿ. ಬಿಸಿಲೇರಿದ ಮೇಲೆ, ಹೆಚ್ಚಾಗಿ ನಡುಮಧ್ಯಾಹ್ನದ ಹೊತ್ತಿಗೆ, ಕೋಳಿ ಸಡಿಲ ಮಣ್ಣಿರುವ ಜಾಗ ಹುಡುಕಿ ಕಾಲಲ್ಲಿ ಕೆದರುತ್ತದೆ. ಕೊಕ್ಕಿನಿಂದ ಮಣ್ಣನ್ನು ಎದೆಯ ಹತ್ತಿರಕ್ಕೆ ಎಳೆದುಕೊಂಡು ಕುಕ್ಕರಿಸುತ್ತದೆ. ಆಮೇಲೆ ಗರಿಯನ್ನೆಲ್ಲ ನಿಮಿರಿಸಿ, ರೆಕ್ಕೆಯನ್ನು ಪಟಪಟ ಬಡಿದು ಮಣ್ಣನ್ನು ಮೇಲಕ್ಕೆ ಚಿಮ್ಮಿಸುತ್ತದೆ. ಚಿಮ್ಮಿದ ಮಣ್ಣು ನಿಮಿರಿದ ಗರಿಗಳ ಸಂದಿಯಿಂದ ಚರ್ಮದವರೆಗೆ ಇಳಿಯುತ್ತದೆ. ತಲೆ ಉಜ್ಜುತ್ತದೆ, ಮಗ್ಗುಲಾಗುತ್ತದೆ, ಒಂದು ಕಾಲು ಚಾಚಿ ಕಣ್ಣು ಅರೆಮುಚ್ಚಿ ಸುಮ್ಮನೆ ಬಿದ್ದಿರುತ್ತದೆ, ಮತ್ತೆ ಆ ಮಗ್ಗುಲು ಈ ಮಗ್ಗುಲು ಉಜ್ಜುತ್ತದೆ. ಸುಮಾರು ಅರ್ಧ ಗಂಟೆಯ ಕೆಲಸ ಇದು. ಕೊನೆಗೆ ಎದ್ದು ನಿಂತು ಒಮ್ಮೆ ಜೋರಾಗಿ ಮೈ ಕೊಡವುತ್ತದೆ, ಸುತ್ತ ಧೂಳಿನ ಮೋಡವೇ ಏಳುತ್ತದೆ. ಆ ಕೊಡವುವಿಕೆಯಲ್ಲೇ ಜಿಡ್ಡು, ಹೇನು ಆಚೆ ಹೋಗುವುದು. ಅಡ್ಡಿಯಿಲ್ಲದೆ ಬಿಟ್ಟರೆ ಎರಡು ದಿನಕ್ಕೊಮ್ಮೆಯಾದರೂ ಹೀಗೆ ಹೊರಳುತ್ತದೆ. ಗುಬ್ಬಿಯೂ ಹೊರಳುತ್ತದೆ, ಹೊಲದ ಬದುವಿನಲ್ಲಿ ಗೌಜಲ ಹಕ್ಕಿಯೂ ಹೊರಳುತ್ತದೆ. ದುಬಾರೆಯಲ್ಲಿ ಮಾವುತರು ಕಾವೇರಿಯಲ್ಲಿ ತಿಕ್ಕಿ ತೊಳೆದ ಆನೆ ದಡ ಹತ್ತಿದ ಕೂಡಲೇ ಸೊಂಡಿಲಿನಿಂದ ಬೆನ್ನಿಗೆ ಮಣ್ಣು ಎರಚಿಕೊಳ್ಳುವುದನ್ನು ನೀವು ನೋಡಿರಬಹುದು. ಅದಕ್ಕೆ ಬಿಸಿಲು ಮತ್ತು ನೊಣದ ಕಾಟದಿಂದ ರಕ್ಷಣೆ ಬೇಕು. ಕಾರಣ ಬೇರೆ, ಬೇಕಾದ ವಸ್ತು ಒಂದೇ.

ಮಗ್ಗುಲಾಗಿ ಬಿದ್ದ ಕೋಳಿಯನ್ನು ಕಂಡು ಗಾಬರಿಯಾಗುವವರೂ ಇದ್ದಾರೆ. ಹೊಸದಾಗಿ ಕೋಳಿ ಸಾಕಿದ ಒಬ್ಬ ಹುಡುಗ ವಿಡಿಯೊ ಕಳಿಸಿ, "ಡಾಕ್ಟ್ರೇ, ಕೊಕ್ಕರೆ ರೋಗ ಬಂದ್ಬಿಟ್ಟಿದೆ, ಒದ್ದಾಡ್ತಾ ಇದೆ, ಬೇಗ ಬನ್ನಿ" ಎಂದು ಅಳುವ ದನಿಯಲ್ಲಿ ಫೋನ್ ಮಾಡಿದ್ದ. ವಿಡಿಯೊದಲ್ಲಿ ಅವನ ಹೇಂಟೆ ಹೂಕುಂಡದ ಮಣ್ಣಿನಲ್ಲಿ ಆರಾಮವಾಗಿ ಹೊರಳುತ್ತಿತ್ತು. "ಹತ್ತಿರ ಹೋಗಿ ಚಪ್ಪಾಳೆ ತಟ್ಟಪ್ಪ" ಎಂದೆ. ಎದ್ದು ಮೈ ಕೊಡವಿ ಓಡಿತು. ಕೊಕ್ಕರೆ ರೋಗದಲ್ಲಿ ಹಾಗೆ ಏಳಲಾಗುವುದಿಲ್ಲ. ಕತ್ತು ತಿರುಚಿಕೊಂಡಿರುತ್ತದೆ, ಕಾಲು ರೆಕ್ಕೆ ಸೋತಿರುತ್ತವೆ, ಹಸಿರು ಭೇದಿ ಇರುತ್ತದೆ, ಮೇವು ಬಿಟ್ಟಿರುತ್ತದೆ. ಆ ಹುಡುಗನ ಮೇಲೆ ನನಗೆ ಬೇಸರವಿಲ್ಲ. ಸತ್ತ ಮೇಲೆ ಫೋನ್ ಮಾಡುವವರಿಗಿಂತ ಅವನು ಎಷ್ಟೋ ಮೇಲು.

ಈಗ ನಾನು ಹೇಳಿ ಹೇಳಿ ಸೋತಿರುವ ವಿಷಯಕ್ಕೆ ಬರುತ್ತೇನೆ. "ಗೂಡಿನಲ್ಲಿ ಭತ್ತದ ಹೊಟ್ಟು ಹಾಸಿದೀವಲ್ಲ ಸಾರ್, ಅದರಲ್ಲೇ ಹೊರಳುತ್ತೆ, ಮತ್ತೆ ಮಣ್ಣು ಯಾಕೆ?" ಇದನ್ನು ಓದಿಕೊಂಡವರೂ ಕೇಳುತ್ತಾರೆ, ತರಬೇತಿ ಪಡೆದು ಬಂದವರೂ ಕೇಳುತ್ತಾರೆ. ಹೊಟ್ಟು, ಮರದ ಸಿಪ್ಪೆ, ತೆಂಗಿನ ನಾರು ಇವೆಲ್ಲ ಹಿಕ್ಕೆಯ ತೇವ ಹೀರಲಿಕ್ಕೆ ಒಳ್ಳೆಯವು, ನೆಲಕ್ಕೆ ಹಾಸಲಿಕ್ಕೆ ಬೇಕು. ಹೊರಳಲಿಕ್ಕೆ ಅವು ಸಾಲವು. ಕಾರಣ ಕಣದ ಗಾತ್ರ. ಹೊಟ್ಟಿನ ಚೂರು ದೊಡ್ಡದು, ಹಗುರ. ಗರಿಯ ಮೇಲೆಯೇ ನಿಂತು ಕೆಳಗೆ ಜಾರುತ್ತದೆ, ಚರ್ಮದ ಹತ್ತಿರದ ಎಳೆಗರಿಯವರೆಗೆ ಹೋಗುವುದೇ ಇಲ್ಲ. ಜಿಡ್ಡಿರುವುದು ಅಲ್ಲಿ, ಹೇನಿರುವುದೂ ಅಲ್ಲಿ. ಎಣ್ಣೆನೀರಿನ ದಿನ ಸೀಗೆಪುಡಿ ಹಾಕುವ ಬದಲು ಇಡೀ ಸೀಗೆಕಾಯನ್ನೇ ತಲೆಗೆ ತಿಕ್ಕಿದರೆ ಜಿಡ್ಡು ಹೋದೀತೇ? ಕೋಳಿಗೂ ಅದು ಗೊತ್ತು. ನುಣ್ಣನೆಯ ಮರಳು ಮತ್ತು ಮರದ ಸಿಪ್ಪೆ ಎರಡನ್ನೂ ಪಕ್ಕದಲ್ಲಿಟ್ಟರೆ ಮರಳಿನ ಕಡೆಗೇ ಹೋಗುತ್ತದೆ. ಬೇರೇನೂ ಇಲ್ಲದಾಗ ಹೊಟ್ಟಿನಲ್ಲೇ ಹೊರಳುವ ಆಟ ಆಡುತ್ತದೆ, ಅದನ್ನು ಕಂಡು ನೀವು ಸಮಾಧಾನಪಟ್ಟುಕೊಳ್ಳುತ್ತೀರಿ. ಜಿಡ್ಡು ಅಲ್ಲೇ ಇರುತ್ತದೆ. ಬರಿಯ ತಂತಿ ಜಾಲರಿಯ ಮೇಲೆ ನಿಂತ ಕೋಳಿ ಕೂಡ ಇಲ್ಲದ ಮಣ್ಣನ್ನು ಎಳೆದುಕೊಳ್ಳುತ್ತದೆ, ರೆಕ್ಕೆ ಬಡಿಯುತ್ತದೆ, ಮಗ್ಗುಲಾಗುತ್ತದೆ. ಪಂಜರದ ಕೋಳಿಗಳಲ್ಲಿ ಇದನ್ನು ನೋಡಿದಾಗಲೆಲ್ಲ ನನಗೆ ಸಂಕಟವಾಗುತ್ತದೆ. ಯುರೋಪಿನ ಒಕ್ಕೂಟ 1999ರಲ್ಲಿ ನಿಯಮ ತಂದು, 2012ರ ಜನವರಿಯಿಂದ ಬೋಳು ಪಂಜರಗಳನ್ನೇ ನಿಷೇಧಿಸಿತು. ಕೋಳಿಗೆ ಕೆದರಲು, ಕುಕ್ಕಲು ಏನಾದರೂ ಹಾಸು ಇರಲೇಬೇಕೆಂದಿತು. ಹತ್ತು ಕೋಳಿ ಸಾಕುವ ನಮಗೆ ಕಾನೂನು ಯಾಕೆ ಬೇಕು, ಒಂದು ಹಳೆಯ ಲಾರಿ ಟೈರು ಸಾಕು.

ಆ ಟೈರನ್ನೋ ಎರಡಡಿ ಅಗಲದ ತೊಟ್ಟಿಯನ್ನೋ ಮಳೆ ಬೀಳದ, ಆದರೆ ಬಿಸಿಲು ತಾಗುವ ಜಾಗದಲ್ಲಿಡಿ. ಕೆಮ್ಮಣ್ಣನ್ನು ಒಣಗಿಸಿ ಜರಡಿ ಹಿಡಿದು ಅರ್ಧ ಅಡಿಯಷ್ಟು ತುಂಬಿ, ಸ್ವಲ್ಪ ನುಣ್ಣನೆಯ ಮರಳು ಬೆರೆಸಿ. ಎರೆಮಣ್ಣಿನ ಕಡೆಯವರು ಮರಳು ಹೆಚ್ಚು ಹಾಕಬೇಕು, ಇಲ್ಲದಿದ್ದರೆ ಸ್ವಲ್ಪ ತೇವಕ್ಕೇ ಹೆಂಟೆಗಟ್ಟುತ್ತದೆ. ಕ್ರಷರ್ ಪುಡಿ ಬೇಡ, ಸಿಮೆಂಟ್ ಪುಡಿ ಬೇಡವೇ ಬೇಡ, ಸುಟ್ಟ ಸುಣ್ಣ ಮುಟ್ಟಲೇಬೇಡಿ. ಸೌದೆಯ ಬೂದಿ ಸಿಕ್ಕರೆ ಕಾಲು ಭಾಗದಷ್ಟು ಸೇರಿಸಬಹುದು. ಪೂರಾ ಆರಿರಬೇಕು, ಒಣಗಿಯೇ ಇರಬೇಕು. ಒದ್ದೆ ಬೂದಿಯ ಕ್ಷಾರ ಚರ್ಮ ಸುಡುತ್ತದೆ. ಪ್ಲಾಸ್ಟಿಕ್ ಸುಟ್ಟ ಬೂದಿಯನ್ನು ಕೋಳಿಯ ಹತ್ತಿರವೂ ತರಬೇಡಿ. ಬೇವಿನೆಲೆಯ ಪುಡಿ ಹಾಕಬಹುದಾ ಎಂದು ಎಲ್ಲರೂ ಕೇಳುತ್ತಾರೆ. ಹಾಕಿ, ತೊಂದರೆಯಿಲ್ಲ, ಅದೊಂದರಿಂದಲೇ ಹೇನು ಹೋಗುತ್ತದೆ ಎಂದು ಮಾತ್ರ ಕೂರಬೇಡಿ.

ಮಲೆನಾಡಿನವರಿಗೆ ಕಷ್ಟ ಮಳೆಗಾಲದ್ದು. ಜೂನ್‌ನಿಂದ ಮೂರು ನಾಲ್ಕು ತಿಂಗಳು ಒಣ ಮಣ್ಣೆಂಬುದೇ ಕಾಣುವುದಿಲ್ಲ, ಹೇನಿನ ದೂರು ಏರುವುದೂ ಆಗಲೇ. ಬೇಸಿಗೆಯಲ್ಲೇ ಎರಡು ಗೋಣಿಚೀಲ ಜರಡಿ ಮಣ್ಣು ಕಟ್ಟಿ ಅಟ್ಟದ ಮೇಲಿಡಿ ಎಂದು ನಾನು ಪ್ರತಿ ವರ್ಷ ಹೇಳುತ್ತೇನೆ. ಸೌದೆ ಕೂಡಿಡುವವರಿಗೆ ಇದು ದೊಡ್ಡ ಕೆಲಸವಲ್ಲ. ಸಾಗರದ ಕಡೆಯ ಒಬ್ಬರು ಹೆಂಗಸು ಇದನ್ನು ಅಚ್ಚುಕಟ್ಟಾಗಿ ಪಾಲಿಸುತ್ತಾರೆ, ಹಪ್ಪಳದ ಡಬ್ಬಿಯ ಪಕ್ಕದಲ್ಲೇ ಕೋಳಿಯ ಮಣ್ಣಿನ ಚೀಲ. "ನಮ್ಮತ್ತೆಯವರು ಬೂದಿ ಇಡ್ತಿದ್ರು, ನಾನು ಮಣ್ಣು ಇಡ್ತೀನಿ ಅಷ್ಟೇ" ಎನ್ನುತ್ತಾರೆ. ಅವರ ಕೋಳಿಯ ಗರಿ ಆಷಾಢದಲ್ಲೂ ಹೊಳೆಯುತ್ತದೆ.

ಗಂಧಕದ ಬಗ್ಗೆ ಒಂದು ಮಾತು. 2012ರಲ್ಲಿ ಪ್ರಕಟವಾದ ಅಮೆರಿಕದ ಅಧ್ಯಯನವೊಂದರಲ್ಲಿ ಹೊರಳುವ ಪೆಟ್ಟಿಗೆಯ ಮರಳಿಗೆ ಗಂಧಕ, ಬಿಳಿ ಜೇಡಿ, ಡಯಾಟಮ್ ಮಣ್ಣು (ನೀರಿನ ಸೂಕ್ಷ್ಮ ಪಾಚಿಯ ಚಿಪ್ಪಿನ ಪುಡಿ) ಹೀಗೆ ಬೇರೆ ಬೇರೆ ಪುಡಿ ಬೆರೆಸಿ ನೋಡಿದ್ದರು. ಪೆಟ್ಟಿಗೆ ಬಳಸಿದ ಕೋಳಿಗಳ ಮೈಮೇಲಿನ ಹೇನು, ನುಸಿ ಒಂದೇ ವಾರದಲ್ಲಿ ಶೇ 80ರಿಂದ 100ರಷ್ಟು ಇಳಿದವು, ಗಂಧಕದ ಫಲ ಎಲ್ಲಕ್ಕಿಂತ ಚೆನ್ನಾಗಿತ್ತು. ಇದನ್ನು ಹೇಳಲು ನನಗೆ ಸ್ವಲ್ಪ ಹಿಂಜರಿಕೆ. ದ್ರಾಕ್ಷಿಯ ಬೂದಿರೋಗಕ್ಕೆ ಹೊಡೆಯುವ ಗಂಧಕವನ್ನು ನಾಳೆಯೇ ಸೇರುಗಟ್ಟಲೆ ತಂದು ಸುರಿಯುವವರನ್ನು ನಾನು ಬಲ್ಲೆ. ಅಂಗಡಿಯ ಗಂಧಕದಲ್ಲಿ ಬೇರೆ ಬೆರಕೆಯೂ ಇರುತ್ತದೆ, ಅದರ ಧೂಳು ಕಣ್ಣಿಗೆ, ಶ್ವಾಸಕ್ಕೆ ಉರಿ, ನಿಮಗೂ ಕೋಳಿಗೂ. ಹೇನು ವಿಪರೀತವಿದ್ದರೆ ನಿಮ್ಮ ಪಶುವೈದ್ಯರನ್ನು ಕೇಳಿ, ಅವರು ಹೇಳಿದ ಅಳತೆಯಲ್ಲಿ, ಅವರು ಹೇಳಿದಷ್ಟು ದಿನ ಮಾತ್ರ ಹಾಕಿ. ಬರಿಯ ಮಣ್ಣಿಗೆ ಈ ಯಾವ ಭಯವೂ ಇಲ್ಲ.

ಮಣ್ಣಿನಿಂದ ಆಗದ ಕೆಲಸವೂ ಇದೆ. ಹೇನು ಹಗಲು ರಾತ್ರಿ ಕೋಳಿಯ ಮೈಮೇಲೇ ಇರುತ್ತದೆ. ಗುದದ್ವಾರದ ಸುತ್ತಲಿನ ಗರಿ ಬಿಡಿಸಿ ಬೆಳಕಿಗೆ ಹಿಡಿಯಿರಿ. ಹುಲ್ಲುಬಣ್ಣದ ಹೇನು ಚುರುಕಾಗಿ ಓಡುತ್ತದೆ, ಗರಿಯ ಬುಡದಲ್ಲಿ ಬಿಳಿ ಸೀರು ಗಂಟುಗಟ್ಟಿ ಅಂಟಿರುತ್ತದೆ. ಹೊರಳಾಟ ಸೀರನ್ನು ಕೀಳುವುದಿಲ್ಲ, ಅದು ಒಡೆದು ಹೊಸ ಹೇನು ಬಂದಂತೆಲ್ಲ ಉದುರಿಸುತ್ತದೆ. ಆದ್ದರಿಂದ ಎರಡು ಮೂರು ವಾರ ತಾಳ್ಮೆ ಬೇಕು. ಕೆಂಪು ನುಸಿ, ಕೋಳಿ ಉಣ್ಣೆ ಇವೆರಡು ಬೇರೆ ಜಾತಿ. ಹಗಲೆಲ್ಲ ಗೂಡಿನ ಬಿರುಕಿನಲ್ಲಿ, ಕೋಳಿ ಕೂರುವ ಗಳದ ತುದಿಯಲ್ಲಿ, ಗೋಡೆಯ ಸಂದಿಯಲ್ಲಿ ಅಡಗಿದ್ದು ರಾತ್ರಿ ಬಂದು ರಕ್ತ ಹೀರುತ್ತವೆ. ಹಗಲಲ್ಲಿ ಹೊರಳಿದರೆ ಅವಕ್ಕೇನು ಬಾಧೆ? ಕೋಳಿಯ ಜುಟ್ಟು ಬಿಳಿಚಿ, ಮೊಟ್ಟೆ ಇಳಿದು, ಮೈಮೇಲೆ ಮಾತ್ರ ಏನೂ ಕಾಣದಿದ್ದರೆ, ರಾತ್ರಿ ಒಂಬತ್ತರ ಮೇಲೆ ಟಾರ್ಚ್ ಹಿಡಿದು ಗಳದ ಅಡಿಭಾಗ ನೋಡಿ. ಬಿಳಿ ಬಟ್ಟೆ ಒತ್ತಿ ಒರೆಸಿದರೆ ರಕ್ತದ ಗೆರೆ ಬರುತ್ತದೆ. ಆಗ ಚಿಕಿತ್ಸೆ ಗೂಡಿಗೆ: ಬಿರುಕು ಮುಚ್ಚಬೇಕು, ಗಳ ಬದಲಿಸಬೇಕು, ಕುದಿನೀರು ಹುಯ್ಯಬೇಕು ಇಲ್ಲವೇ ಬ್ಲೋ ಟಾರ್ಚ್‌ನಿಂದ ಸುಡಬೇಕು. ಕೋಳಿ ಉಣ್ಣೆಯಿಂದ ಸ್ಪೈರೋಕೀಟ್ ಎಂಬ ಬ್ಯಾಕ್ಟೀರಿಯಾದ ಜ್ವರವೂ ಕೋಳಿಗೆ ಬರುತ್ತದೆ, ಅದಕ್ಕೆ ವೈದ್ಯರೇ ಬೇಕು.

ತೊಟ್ಟಿ ಇಟ್ಟ ದಿನವೇ ಎಲ್ಲ ಕೋಳಿಯೂ ಇಳಿಯುವುದಿಲ್ಲ. ಜಾಲರಿಯಲ್ಲೇ ಬೆಳೆದವು ಒಂದೆರಡು ದಿನ ಸುತ್ತ ಓಡಾಡಿ ಕುಕ್ಕಿ ನೋಡುತ್ತವೆ. ಒಂದು ಇಳಿದರೆ ಉಳಿದವೂ ಹಿಂದೆ ಬರುತ್ತವೆ. ಹಾಗಾಗಿ ಒಂದಕ್ಕಿಂತ ಹೆಚ್ಚು ಕೋಳಿ ಹಿಡಿಸುವಷ್ಟು ಅಗಲ ಬೇಕೆನ್ನುವುದು. ವಾರಕ್ಕೊಮ್ಮೆ ಹಿಕ್ಕೆ ಆರಿಸಿ ತೆಗೆಯಿರಿ, ಮಣ್ಣು ಕಡಿಮೆಯಾದರೆ ತುಂಬಿ, ತೇವವಾದರೆ ಬಿಸಿಲಿಗೆ ಹರಡಿ. ಹದಿನೈದು ದಿನ ಕಳೆದರೂ ಉಳಿದವೆಲ್ಲ ಹೊರಳುವಾಗ ಒಂದು ಮಾತ್ರ ಮೂಲೆಯಲ್ಲಿ ಗರಿ ಉಬ್ಬಿಸಿಕೊಂಡು ನಿಂತಿದ್ದರೆ, ಅದನ್ನು ಬುಟ್ಟಿಯಲ್ಲಿ ಹಾಕಿಕೊಂಡು ಬೆಳಿಗ್ಗೆಯೇ ಕರೆತನ್ನಿ, ಜತೆಗೆ ಅದರ ಅಂದಿನ ಹಿಕ್ಕೆಯನ್ನೂ ಕಾಗದದಲ್ಲಿ ಕಟ್ಟಿ ತನ್ನಿ. ಅದಕ್ಕೆ ಔಷಧಿ ಬರೆದುಕೊಡುತ್ತೇನೆ.