ಗದ್ದೆ, ಐನ್‌ಮನೆ, ಲೈನ್‌ಮನೆ: ಕೊಡಗಿನ ಬೇಸಾಯ ಪುಸ್ತಕಕ್ಕೆ ಇಳಿದ ಕತೆ

ಕೊಡಗಿನ ಗದ್ದೆಗಳ ಬಗ್ಗೆ ಮೊದಲು ಬರೆದವರು ಕವಿಗಳಲ್ಲ, ಲೆಕ್ಕದವರು. 1811ರಿಂದ 1820ರವರೆಗೆ ಆಳಿದ ಹಾಲೇರಿ ವಂಶದ ಲಿಂಗರಾಜ ತನ್ನ ಸೀಮೆಯ ಭೂಮಿಯನ್ನು ಲೆಕ್ಕಕ್ಕೆ ತಂದ. ಯಾರ ಹೆಸರಲ್ಲಿ ಎಷ್ಟು ಭಟ್ಟಿ (ಇಲ್ಲಿನ ಅಳತೆ) ಗದ್ದೆ, ಅದಕ್ಕೆ ಕಂದಾಯ ಎಷ್ಟು ಎಂದು ಬರೆಸಿಟ್ಟ. ಅದಕ್ಕೆ ಲಿಂಗರಾಜನ ಶಿಸ್ತು ಎಂದೇ ಹೆಸರು. ಓದಲು ರುಚಿಯಿಲ್ಲ, ನಿಜ. ಆದರೆ ಕೊಡಗಿನ ಕೂಡುಬಾಳ್ವೆ ಹೇಗೆ ನಿಂತಿತ್ತು ಎಂಬುದಕ್ಕೆ ಇಂಥ ಲೆಕ್ಕವೇ ಒಳ್ಳೆಯ ಸಾಕ್ಷಿ.

ಯಾಕೆ ಅಂದ್ರೆ, ಇಲ್ಲಿನ ಒಟ್ಟು ಕುಟುಂಬ ಬರೀ ಪ್ರೀತಿಯಿಂದ ನಿಂತದ್ದಲ್ಲ. ಅದರ ಕೆಳಗೆ ಜಮ್ಮಾ ಎಂಬ ಹಿಡುವಳಿ ಇತ್ತು. ಜಮ್ಮಾ ಗದ್ದೆಗೆ, ಪೂರ್ತಿ ಕಂದಾಯ ಕಟ್ಟುವ ಸಾಗು ಗದ್ದೆಯ ಅರ್ಧದಷ್ಟೇ ಕಂದಾಯ. ಬದಲಿಗೆ ಕರೆ ಬಂದಾಗ ಆ ಮನೆಯ ಗಂಡಸರು ರಾಜನ ಸೇವೆಗೆ ಹೋಗಬೇಕು. ಭೂಮಿ ಒಬ್ಬ ವ್ಯಕ್ತಿಯದಲ್ಲ, ಇಡೀ ಒಕ್ಕದ್ದು, ಅಂದರೆ ಒಂದೇ ಮೂಲದ ಒಟ್ಟು ಕುಟುಂಬದ್ದು. ಮಾರುವಂತಿಲ್ಲ. ಗದ್ದೆಯ ಜೊತೆಗೆ ಬಾಣೆ ಎಂಬ ಕಾಡು ಜಾಗ ಅಂಟಿಕೊಂಡೇ ಬರುತ್ತಿತ್ತು: ಗೊಬ್ಬರದ ಸೊಪ್ಪು, ಸೌದೆ, ದನದ ಮೇವು ಎಲ್ಲ ಅಲ್ಲಿಂದಲೇ. ಹೀಗಿದ್ದಾಗ ಪಾಲು ಕೇಳಿ ಹೊರಗೆ ಹೋದವನು ಏನು ತಿನ್ನಬೇಕು? ಒಂದೇ ಐನ್‌ಮನೆಯಲ್ಲಿ (ಒಕ್ಕದ ಮೂಲಮನೆ) ಅಣ್ಣತಮ್ಮಂದಿರ ಸಂಸಾರಗಳೆಲ್ಲ ಸೇರಿ ಬಾಳಲು ಇದು ದೊಡ್ಡ ಕಾರಣ. ಇವತ್ತಿಗೂ ಜಮ್ಮಾ ಜಾಗದ ಪಹಣಿಯಲ್ಲಿ ಯಾವತ್ತೋ ತೀರಿಕೊಂಡ ಪಟ್ಟೆದಾರರ (ಒಕ್ಕದ ಯಜಮಾನರ) ಹೆಸರು ಇಣುಕುತ್ತದೆ. ಬ್ಯಾಂಕ್ ಸಾಲಕ್ಕೆ ಓಡಾಡಿದವರಿಗೆ ಅದರ ಕಷ್ಟ ಗೊತ್ತು.

1834ರಲ್ಲಿ ಕೊನೆಯ ರಾಜ ಚಿಕ್ಕವೀರರಾಜನನ್ನು ಇಳಿಸಿ ಬ್ರಿಟಿಷರು ಕೊಡಗನ್ನು ತೆಗೆದುಕೊಂಡರು. ಆಮೇಲೆ ಬರೆಯುವವರು ಬದಲಾದರು. ಬಾಸೆಲ್ ಮಿಷನ್ನಿನ ಜರ್ಮನ್ ಪಾದ್ರಿ ಹೆರ್ಮನ್ ಮೊಗ್ಲಿಂಗ್ ನಮಗೆ 'ಮಂಗಳೂರ ಸಮಾಚಾರ' ಪತ್ರಿಕೆಯಿಂದ ಗೊತ್ತು. ಅವನೇ 1855ರಲ್ಲಿ ಕೊಡಗಿನ ಬಗ್ಗೆ ಇಂಗ್ಲಿಷಿನಲ್ಲಿ ಒಂದು ಪುಸ್ತಕ ತಂದ. ಹೊರಗಿನವನ ಕಣ್ಣು, ಮತಪ್ರಚಾರದ ಉದ್ದೇಶ, ಎರಡೂ ಇದ್ದವು. ಆದರೂ ಬೇರೆಯವರು ನೋಡದ ಒಂದು ಮೂಲೆಯನ್ನು ಅವನು ನೋಡಿದ. ಒಕ್ಕದ ಗದ್ದೆಯಲ್ಲಿ ತಲೆತಲಾಂತರದಿಂದ ಆಳುಗಳಾಗಿ ದುಡಿದ ದಲಿತರು ಅವನ ಕಣ್ಣಿಗೆ ಬಿದ್ದರು. ಅವರಲ್ಲಿ ಕ್ರೈಸ್ತರಾದವರಿಗಾಗಿ ಅಮ್ಮತ್ತಿಯ ಹತ್ತಿರ ಆನಂದಪುರ ಎಂಬ ಊರನ್ನೇ ಕಟ್ಟಿದ. ಕೊಡಗಿನ ಕೂಡುಬಾಳ್ವೆ ಅಂದರೆ ಐನ್‌ಮನೆ ಮಾತ್ರ ನೆನಪಾಗುತ್ತದೆ, ಅಲ್ವಾ? ಆನಂದಪುರವೂ ಒಂದು ಬಗೆಯ ಕೂಡುಬಾಳ್ವೆಯೇ, ಭೂಮಿ ಇಲ್ಲದವರದ್ದು.

ಅದೇ ಹೊತ್ತಿಗೆ ಕಾಫಿ ಬಂತು. ಮನೆ ಹಿತ್ತಿಲಲ್ಲಿ ಗಿಡ ಮೊದಲೇ ಇತ್ತು. ಆದರೆ 1854ರಲ್ಲಿ ಫೌಲರ್ ಎಂಬ ಬಿಳಿಯ ಮಡಿಕೇರಿಯ ಹತ್ತಿರ ಎಸ್ಟೇಟು ತೆರೆದ ಮೇಲೆ ಕಾಡು ಬೀಳುತ್ತಾ ಹೋಯಿತು. 1870ರಲ್ಲಿ ರಿಕ್ಟರ್ ಎಂಬ ಇನ್ನೊಬ್ಬ ಜರ್ಮನ್ ಪಾದ್ರಿ ಕೊಡಗಿನ ಕೈಪಿಡಿ ಬರೆದಾಗ ಅದರಲ್ಲಿ ಗದ್ದೆ, ಹಬ್ಬ, ಮಳೆ, ಕಾಫಿ ಎಲ್ಲ ಒಟ್ಟಿಗೆ ಸೇರಿದ್ದವು. ಆಳುವವರಿಗೆ ಬೇಕಾದ ಪುಸ್ತಕ ಅದು.

ಮನೆಯೊಳಗಿನಿಂದ ಪುಸ್ತಕ ಬರಲು 1924ರವರೆಗೆ ಕಾಯಬೇಕಾಯಿತು. ನಡಿಕೇರಿಯಂಡ ಚಿಣ್ಣಪ್ಪ ಅವರ 'ಪಟ್ಟೋಲೆ ಪಳಮೆ' ಆ ವರ್ಷ ಅಚ್ಚಾಯಿತು. ಕೊಡವ ತಕ್ಕಿನ (ಕೊಡವ ಭಾಷೆಯ) ಹಾಡುಗಳು ಕನ್ನಡ ಲಿಪಿಯಲ್ಲಿ, ವಿವರಣೆ ಕನ್ನಡದಲ್ಲಿ. ದುಡಿ ಹಿಡಿದು ನಾಲ್ವರು ಹಾಡುವ ಮದುವೆ ಹಾಡು, ಸಾವಿನ ಹಾಡು, ಪುತ್ತರಿ ಹಾಡು, ದೇವರ ಹಾಡು, ಜೊತೆಗೆ ಗಾದೆ, ಒಗಟು, ಪದ್ಧತಿಗಳು. ನನ್ನ ಲೆಕ್ಕದಲ್ಲಿ ಕೊಡಗಿನ ಬೇಸಾಯದ ಬಗ್ಗೆ ಬಂದ ಅತ್ಯುತ್ತಮ ಪುಸ್ತಕ ಇದೇ. ಜನ ಇದನ್ನು ಜಾನಪದದ ಕಪಾಟಿಗೆ ಹಾಕಿ ಸುಮ್ನೆ ಕೈಮುಗಿದುಬಿಡುತ್ತಾರೆ. ಅದು ಸರಿಯಲ್ಲ. ಇದರ ಹಬ್ಬಗಳನ್ನು ಬೇಸಾಯದ ಕ್ಯಾಲೆಂಡರ್ ಎಂದು ಓದಿ ನೋಡಿ.

ಕೈಲ್‌ಪೊಳ್ದ್ ಬರುವುದು ನಾಟಿ ಮುಗಿದ ಮೇಲೆ. ಮಳೆಯಲ್ಲಿ ತಿಂಗಳುಗಟ್ಟಲೆ ಬಗ್ಗಿ ದುಡಿದ ಮೇಲೆ ಎತ್ತಿಗೂ ಆಳಿಗೂ ವಿರಾಮ. ಕೋವಿ, ಒಡಿಕತ್ತಿಗಳಿಗೆ ಪೂಜೆ, ಆಮೇಲೆ ಬೇಟೆ. ಫಸಲು ಬಲಿತಾಗ ಪುತ್ತರಿ. ಹುಣ್ಣಿಮೆಯ ಆಸುಪಾಸಿನ ರಾತ್ರಿ ಮನೆಮಂದಿಯೆಲ್ಲ ದೀಪ ಹಿಡಿದು ಗದ್ದೆಗೆ ಹೋಗುತ್ತಾರೆ. ಕೋವಿಯಿಂದ ಒಂದು ಗುಂಡು ಹಾರುತ್ತದೆ. 'ಪೊಲಿ ಪೊಲಿ ದೇವಾ' ಎಂದು ಕೂಗುತ್ತಾ ಕದಿರು ಕೊಯ್ದು ಮನೆಗೆ ತರುತ್ತಾರೆ. ಕದಿರು ಬರುವುದು ಐನ್‌ಮನೆಯ ತೂಗುದೀಪದ ಮುಂದಕ್ಕೆ. ದೂರದ ಊರಲ್ಲಿ ನೌಕರಿ ಮಾಡುವವನೂ ಆ ರಾತ್ರಿ ಅಲ್ಲಿಗೆ ಬರಬೇಕು. ಗದ್ದೆ, ಮನೆ, ಸತ್ತ ಹಿರಿಯರು, ಬದುಕಿರುವ ಮಕ್ಕಳು, ಎಲ್ಲವನ್ನೂ ಒಂದು ಹಿಡಿ ಭತ್ತ ಕಟ್ಟಿಹಾಕುತ್ತದೆ. ಚಿಣ್ಣಪ್ಪ ಇದನ್ನೆಲ್ಲ ಹೊಗಳಲು ಹೋಗಲಿಲ್ಲ. ಹೇಗೆ ಮಾಡುತ್ತಾರೆ ಎಂದು ಬರೆದರು, ಅಷ್ಟೇ.

ಅವರ ಮೊಮ್ಮಕ್ಕಳಾದ ಬೊವ್ವೇರಿಯಂಡ ನಂಜಮ್ಮ ಮತ್ತು ಚಿಣ್ಣಪ್ಪ ದಂಪತಿ ಈ ಪುಸ್ತಕವನ್ನು ಇಂಗ್ಲಿಷಿಗೆ ತಂದರು. ಆಮೇಲೆ ಕೊಡಗೆಲ್ಲ ಸುತ್ತಿ ಐನ್‌ಮನೆಗಳನ್ನೇ ದಾಖಲೆ ಮಾಡಿದರು. ಕೆಲವು ಮನೆಗಳು ಇನ್ನೂ ಗಟ್ಟಿ, ಕೆಲವಕ್ಕೆ ಹಂಚಿನ ಬದಲು ತಾರಸಿ, ಕೆಲವಕ್ಕೆ ಬೀಗ.

1940ರ ದಶಕದಲ್ಲಿ ಮೈಸೂರಿನ ಎಂ.ಎನ್. ಶ್ರೀನಿವಾಸ್ ಕೊಡವರ ಮೇಲೆ ಅಧ್ಯಯನ ಮಾಡಿದರು. 1952ರಲ್ಲಿ ಅದು ಪುಸ್ತಕವಾಯಿತು. ಸಂಸ್ಕೃತೀಕರಣ ಎಂಬ ವಾದ (ಕೆಳಗಿನ ಜಾತಿಯವರು ಮೇಲಿನವರ ಆಚಾರ ಅನುಸರಿಸಿ ಮೇಲೇರಲು ನೋಡುತ್ತಾರೆ ಎಂಬುದು) ಅಲ್ಲಿಂದಲೇ ಹೊರಟಿದ್ದರಿಂದ ಎಲ್ಲರೂ ಅದನ್ನೇ ಹಿಡಿದುಕೊಂಡರು. ಒಕ್ಕದ ಬಗ್ಗೆ ಅವರು ಬರೆದ ಪುಟಗಳು ಅದಕ್ಕಿಂತ ಗಟ್ಟಿ ಎಂದು ನನಗೆ ಅನ್ನಿಸುತ್ತದೆ. ಹುಟ್ಟಿದವನು ಒಕ್ಕವನ್ನು ಬಿಟ್ಟು ಬದುಕುವುದು ಅಂದು ಊಹೆಗೂ ಮೀರಿದ್ದು ಎಂಬುದು ಅಲ್ಲಿ ಚೆನ್ನಾಗಿ ಬಂದಿದೆ. ಹಾಗಿದ್ದೂ ಅವರು ಬರೆಯುವ ಹೊತ್ತಿಗೆ ಒಕ್ಕ ಬಿರಿಯತೊಡಗಿತ್ತು.

ಬಿರಿಸಿದ್ದು ಯಾವುದು? ಸೇನೆಯ ನೌಕರಿ, ಸರ್ಕಾರಿ ಸಂಬಳ ಒಂದು ಕಡೆ. ಇನ್ನೊಂದು ಕಡೆ ಕಾಫಿ. ಗದ್ದೆಗೆ ನೂರು ಕೈ ಒಟ್ಟಿಗೆ ಬೇಕು. ಸಸಿ ಕೀಳಲು, ನಾಟಿಗೆ, ಕೊಯ್ಲಿಗೆ ಎಲ್ಲರೂ ಒಂದೇ ದಿನ ಇಳಿಯಬೇಕು. ಕಾಫಿ ಹಾಗಲ್ಲ. ಒಬ್ಬನೇ ಬಾಣೆಯಲ್ಲಿ ಗಿಡ ನೆಟ್ಟು, ಕೂಲಿಯವರನ್ನು ಇಟ್ಟು, ದುಡ್ಡು ಎಣಿಸಬಹುದು. ಸೊಪ್ಪಿಗೆಂದು ಬಿಟ್ಟ ಬಾಣೆ ಗದ್ದೆಗಿಂತ ಜಾಸ್ತಿ ಬೆಲೆ ಬಾಳತೊಡಗಿತು. ಅಣ್ಣತಮ್ಮಂದಿರು ತಮ್ಮ ತಮ್ಮ ತೋಟದಲ್ಲಿ ಮನೆ ಕಟ್ಟಿಕೊಂಡರು. ಐನ್‌ಮನೆ ಪುತ್ತರಿಗೆ, ಹಿರಿಯರಿಗೆ ಎಡೆ ಇಡುವ ದಿನಕ್ಕೆ ಉಳಿಯಿತು. ಈಗ ಕಾಡಾನೆ, ಆಳಿನ ಕೊರತೆ, ಭತ್ತದ ಕಡಿಮೆ ಬೆಲೆ ಸೇರಿ ಎಷ್ಟೋ ಗದ್ದೆಗಳು ಪಾಳು ಬಿದ್ದಿವೆ.

ಕತೆ, ಕಾದಂಬರಿಗಳಿಗೆ ಎಸ್ಟೇಟಿನ ಬದುಕು ಸಿಕ್ಕಿತು, ಗದ್ದೆಯದ್ದು ಅಷ್ಟಾಗಿ ಸಿಗಲಿಲ್ಲ. ಕೊಡಗಿನ ಗೌರಮ್ಮ ಬದುಕಿದ್ದು ಸುಂಟಿಕೊಪ್ಪದ ಹತ್ತಿರದ ತೋಟವೊಂದರಲ್ಲಿ. 1934ರಲ್ಲಿ ಗಾಂಧೀಜಿ ಆ ಕಡೆ ಬಂದಾಗ ಒಡವೆ ಬಿಚ್ಚಿಕೊಟ್ಟವರು. ಮೂವತ್ತು ತುಂಬುವ ಮೊದಲೇ ನೀರಿನಲ್ಲಿ ಮುಳುಗಿ ತೀರಿಕೊಂಡರು. ಅವರ ಕತೆಗಳ ಜೀವ ಇರುವುದು ಹೆಣ್ಣುಮಕ್ಕಳ ಪಾಡಿನಲ್ಲಿ. ಬೇಸಾಯ ಅವರ ವಸ್ತುವಲ್ಲ, ಆಗಬೇಕಿರಲೂ ಇಲ್ಲ. ಕಾಫಿ ಮನೆತನಗಳ ಏಳುಬೀಳು ಕಾದಂಬರಿಯಾಗಿ ಹೆಸರು ಮಾಡಿದ್ದು ಇಂಗ್ಲಿಷಿನಲ್ಲಿ: 1996ರಲ್ಲಿ ಕಾವೇರಿ ನಂಬೀಸನ್, 2010ರಲ್ಲಿ ಸರಿತಾ ಮಂದಣ್ಣ. ದೂರದ ಓದುಗರಿಗೆ ಕೊಡಗು ಪರಿಚಯವಾಗಿದ್ದು ಇವುಗಳಿಂದ.

ಇಷ್ಟು ಪುಸ್ತಕಗಳಲ್ಲಿ ಲೈನ್‌ಮನೆ ಎಲ್ಲಿದೆ? ತೋಟದ ಅಂಚಿನಲ್ಲಿ ಸಾಲಾಗಿ ಕಟ್ಟಿದ ಕೋಣೆಗಳು, ಒಂದು ಕೋಣೆಗೆ ಒಂದು ಸಂಸಾರ. ಅಲ್ಲಿ ಆದಿವಾಸಿಗಳಾದ ಯರವರಿದ್ದಾರೆ, ಕುರುಬರಿದ್ದಾರೆ. ನಾಟಿ ಮಾಡಿದ ಕೈಗಳಲ್ಲಿ, ಕಾಫಿ ಕೊಯ್ದ ಕೈಗಳಲ್ಲಿ ಎಷ್ಟೋ ಅವರವು. 2016ರ ಡಿಸೆಂಬರಿನಲ್ಲಿ ದಿಡ್ಡಳ್ಳಿಯಲ್ಲಿ ಇವರ ಗುಡಿಸಲುಗಳನ್ನು ಕಿತ್ತು ಹಾಕಿದಾಗ ಪತ್ರಿಕೆಗಳು ಅವರ ಬಗ್ಗೆ ಕೆಲವು ವಾರ ಬರೆದವು. ಶಿಸ್ತಿನ ಲೆಕ್ಕದಿಂದ ಹಿಡಿದು ಕಾದಂಬರಿಯವರೆಗೆ, ಭೂಮಿ ಇದ್ದವರದ್ದು ಅಥವಾ ಭೂಮಿ ನೋಡಲು ಬಂದವರದ್ದು ಮಾತ್ರ ದೊಡ್ಡ ಪುಸ್ತಕವಾಗಿದೆ.

ಈಗ ಆ ಲೈನ್‌ಮನೆಗಳೂ ಬದಲಾಗುತ್ತಿವೆ. ಕೊಯ್ಲಿನ ಹೊತ್ತಿಗೆ ಅಸ್ಸಾಮಿನಿಂದ, ಬಂಗಾಳದ ಕಡೆಯಿಂದ ಬಂದ ಸಂಸಾರಗಳು ಅಲ್ಲಿ ಇಳಿದುಕೊಳ್ಳುತ್ತವೆ. ಗೋಣಿಕೊಪ್ಪದ, ಕುಶಾಲನಗರದ ಸಂತೆಯಲ್ಲಿ ಅವರ ಮಾತು ಕೇಳಿಸುತ್ತದೆ. ಕೊಡಗಿನ ತೋಟದ ಮುಂದಿನ ಒಳ್ಳೆಯ ಪುಸ್ತಕ ಅಸ್ಸಾಮಿಯಲ್ಲಿ ಬಂದರೆ ನನಗೇನೂ ಆಶ್ಚರ್ಯವಿಲ್ಲ. ಕನ್ನಡಕ್ಕೆ ಅನುವಾದ ಮಾಡುವವರು ಸಿಗಬೇಕು, ಅಷ್ಟೇ.