‘20 ಕುಂಡ ನೋಡಿದ್ದೇವಲ್ಲ ಸರ್?’

ಮುಂಬಯಿಯಲ್ಲಿ ಮಳೆ ಹಿಡಿಯಿತೆಂದರೆ ಹೌಸಿಂಗ್ ಸೊಸೈಟಿಗಳಿಂದ ನನಗೆ ಫೋನು ಶುರು. ಆಫ್ರಿಕನ್ ದೈತ್ಯ ಬಸವನಹುಳು ತೋಟವನ್ನೆಲ್ಲ ತಿನ್ನುತ್ತಿದೆ ಎಂಬ ದೂರು, ಅದರ ಬೆನ್ನಿಗೇ ಅದೇ ಮಾತು: “ನರ್ಸರಿಯಿಂದ 200 ಕುಂಡ ಬಂತು. 20 ತೆಗೆದು ನೋಡಿದೆವು, ಏನೂ ಇರಲಿಲ್ಲ. ಮತ್ತೆ ಇದು ಎಲ್ಲಿಂದ ಬಂತು?”

ನೋಡದೆ ಬಿಟ್ಟ 180ರಿಂದ ಬಂದಿರಬಹುದು. ದಯವಿಟ್ಟು ಈ ಲೆಕ್ಕವನ್ನು ಒಮ್ಮೆ ನಿಧಾನವಾಗಿ ಓದಿ.

200ರಲ್ಲಿ 5 ಕುಂಡಗಳ ಮಣ್ಣಿನಲ್ಲಿ ಮೊಟ್ಟೆ ಇದೆ ಎನ್ನಿ. ಆ ಐದು ಯಾವುವು ಎಂಬುದಕ್ಕೆ 253 ಕೋಟಿಗೂ ಮಿಕ್ಕಿದ ಸಾಧ್ಯತೆಗಳಿವೆ. ಐದೂ ನೀವು ಮುಟ್ಟದ 180ರೊಳಗೇ ಉಳಿದುಬಿಡುವ ಸಾಧ್ಯತೆಗಳು ಸುಮಾರು 149 ಕೋಟಿ. ಭಾಗಿಸಿದರೆ ಶೇ. 59 ಸಿಗುತ್ತದೆ. ಅಂದರೆ ಮೊಟ್ಟೆ ಬಂದಿದ್ದರೂ ಅರ್ಧಕ್ಕಿಂತ ಹೆಚ್ಚು ಸಲ ನಿಮ್ಮ ತಪಾಸಣೆಯಲ್ಲಿ ‘ಏನೂ ಇಲ್ಲ’ ಎಂದೇ ಬರುತ್ತದೆ. ಈ ಸಂಭವ ಶೇ. 5ಕ್ಕಿಂತ ಕೆಳಗಿಳಿಯಬೇಕಾದರೆ 90 ಕುಂಡ ನೋಡಬೇಕು. 50 ಕುಂಡಗಳಲ್ಲಿ ಮೊಟ್ಟೆ ಇದ್ದಿದ್ದರೆ 20 ನೋಡಿದರೂ ಧಾರಾಳ ಸಾಕಿತ್ತು. ಪಿಡುಗು ಕಡಿಮೆಯಿದ್ದಷ್ಟೂ ಹುಡುಕಾಟ ಹೆಚ್ಚಬೇಕು. ಜನ ಮಾಡುವುದು ಇದಕ್ಕೆ ತದ್ವಿರುದ್ಧ.

ಡೊಂಬಿವಲಿಯಲ್ಲಿ ಶೆಟ್ರೊಬ್ಬರಿದ್ದಾರೆ. ಹೋಟೆಲು ಮಗನಿಗೆ ಬಿಟ್ಟುಕೊಟ್ಟ ಮೇಲೆ ಸೊಸೈಟಿಯ ತೋಟವೇ ಅವರ ಲೋಕ. ಮಲ್ಲಿಗೆ ಬಳ್ಳಿಗೆ ಮಾಲಿಯೂ ನೀರು ಹಾಕುವಂತಿಲ್ಲ. ಲೆಕ್ಕ ಕೇಳಿ, “ಐದೇ ಕುಂಡ ಅಲ್ವಾ ಸರ್, ಏನು ಮಹಾ?” ಎಂದರು. ಐದು ಬೇಡ ಶೆಟ್ರೇ, ಒಂದೇ ಸಾಕು. ಈ ಹುಳು ಗಂಡೂ ಹೌದು, ಹೆಣ್ಣೂ ಹೌದು. ಒಮ್ಮೆ ಕೂಡಿದರೆ ವೀರ್ಯವನ್ನು ಒಳಗೇ ಕಾಪಿಟ್ಟುಕೊಂಡು ಮುಂದೆಯೂ ಮೊಟ್ಟೆಯಿಡಬಲ್ಲದು, ಒಂದು ಸಲಕ್ಕೆ ನೂರಕ್ಕೂ ಹೆಚ್ಚು. 1847ರಲ್ಲಿ ಕಲ್ಕತ್ತೆಯ ತೋಟವೊಂದರಲ್ಲಿ ಬಿಟ್ಟದ್ದು ಬೆರಳೆಣಿಕೆಯಷ್ಟನ್ನೇ.

ಬಂದದ್ದೆಲ್ಲ ಹಬ್ಬುತ್ತದೆ ಎಂದು ನಾನು ಹೇಳುತ್ತಿಲ್ಲ. ಬಿಸಿಲು, ಒಣ ಮಣ್ಣು ಎಷ್ಟನ್ನೋ ಕೊಲ್ಲುತ್ತವೆ. ಶೇ. 59 ಕೂಡ ಕುಂಡಗಳನ್ನು ಚೀಟಿ ಎತ್ತಿ ಆರಿಸಿದರೆ, ಮೊಟ್ಟೆಯಿದ್ದ ಕುಂಡ ಕೈಗೆ ಬಂದಾಗ ಕಣ್ಣು ತಪ್ಪದಿದ್ದರೆ ಮಾತ್ರ. ಟೆಂಪೋದ ಬಾಗಿಲ ಬಳಿಯ 20ನ್ನೇ ಇಳಿಸಿ ನೋಡಿದರೆ ಈ ಲೆಕ್ಕ ನಿಲ್ಲುವುದಿಲ್ಲ. ಮೊಟ್ಟೆಗಳು ಸಬ್ಬಕ್ಕಿಯಂತೆ ಬೆಳ್ಳಗೆ, ಮಣ್ಣಿನೊಳಗೆ ಗುಂಪಾಗಿರುತ್ತವೆ. ಮೇಲಿನಿಂದ ಇಣುಕಿದರೆ ಕಾಣವು.

90 ನೋಡಲು ಆಳಿಲ್ಲವೇ? ಹೊಸ ಕುಂಡಗಳನ್ನು ಕೆಲವು ವಾರ ಸಿಮೆಂಟು ನೆಲದ ಮೇಲೆ ಬೇರೆಯೇ ಇಡಿ. ಮಳೆ ಬಂದ ರಾತ್ರಿ ಟಾರ್ಚು ಹಿಡಿದು ಸುತ್ತು ಬನ್ನಿ, ಕುಂಡ ಎತ್ತಿ ತಳದ ತೂತನ್ನೂ ನೋಡಿ. ಹುಳು ಸಿಕ್ಕರೆ ಬರಿಗೈಯಲ್ಲಿ ಮುಟ್ಟಬೇಡಿ. ಮಿದುಳಿನ ಪೊರೆಗೆ ಉರಿಯೂತ ತರುವ ಪರಾವಲಂಬಿ ಅದರ ಮೈಯಲ್ಲಿರಬಹುದು.